ನಿಮ್ಮ ಮುಖಪುಟ ಕತ್ತರಿಸಿ ಹಾಕಿದ ಹೆಂಗಸಿನ ಬಗ್ಗೆ

ಮಾಜಿ ಸೈನಿಕರ ಕಲ್ಯಾಣ ಕಚೇರಿಯ ನಿರ್ದೇಶಕರಿಗೆ

ಮಾನ್ಯರೇ,

ಈ ವರ್ಷದ ‘ಆದರ್ಶ ಮಾಜಿ ಸೈನಿಕ’ ಪ್ರಶಸ್ತಿಗೆ ತಾವು ನನ್ನನ್ನು ಆರಿಸಿದ್ದೀರಿ. ಕಚೇರಿಯ ಮಾಸಪತ್ರಿಕೆಯ ಮುಖಪುಟದಲ್ಲಿ ನನ್ನ ಫೋಟೋ ಹಾಕಿ, ಕೆಳಗೆ ‘ವೇದಿಕೆ ಬದಲಾದರೂ ಶಿಸ್ತು ಬದಲಾಗದು’ ಎಂದು ದಪ್ಪ ಅಕ್ಷರದಲ್ಲಿ ಅಚ್ಚು ಹಾಕಿಸಿದ್ದೀರಿ. ಆ ಪ್ರಶಸ್ತಿ ನನಗೆ ಬೇಡ. ಆ ಫೋಟೋ ಸುಳ್ಳು. ಇದನ್ನೇ ಎರಡು ಸಲ ತಮಗೆ ಬರೆದೆ. ಎರಡು ಸಲವೂ ‘ತಮ್ಮ ಕೃತಜ್ಞತಾ ಪತ್ರ ತಲುಪಿದೆ’ ಎಂಬ ಉತ್ತರ ಬಂತು. ನನ್ನ ಕಾಗದವನ್ನು ಯಾರೂ ಬಿಚ್ಚಿ ಓದಿಲ್ಲವೆಂದು ಅರ್ಥವಾಯಿತು; ಹಾಗಾಗಿ ಈಗ ನಾಲ್ಕು ಜನ ಓದುವ ಕಡೆ ಬರೆಯುತ್ತಿದ್ದೇನೆ.

ಹದಿನೇಳು ವರ್ಷ ಸೇನೆಯಲ್ಲಿದ್ದು ಹೊರಬಂದವನು ನಾನು. ಮುಂದೇನು ಮಾಡುತ್ತೀರಿ ಎಂದು ತಮ್ಮ ಗುಮಾಸ್ತರು ಕೇಳಿದಾಗ ನಟನೆ, ನೃತ್ಯ ಅಂದೆ. ಅವರು ಪೆನ್ನು ಕೆಳಗಿಟ್ಟರು. “ಅದು ಹವ್ಯಾಸ ಆಯ್ತು ಸಾರ್. ಹೊಟ್ಟೆಪಾಡಿಗೆ ಏನು ಬರ್ಕೊಳ್ಲಿ?” ನಾನು ಬಾಯಿ ಬಿಡುವುದರೊಳಗೆ ‘ಕಾವಲುಗಾರ’ ಎಂದು ಬರೆದು ಮುಗಿಸಿದ್ದರು. ಅವರನ್ನು ದೂರುವಂತಿಲ್ಲ. ಮೊದಲ ವರ್ಷ ನನಗೆ ಎರಡು ಧಾರಾವಾಹಿಗಳಲ್ಲಿ ಅವಕಾಶ ಸಿಕ್ಕಿತು. ಎರಡರಲ್ಲೂ ಗೇಟು ತೆಗೆಯುವ ಪಾತ್ರ. ತಮ್ಮ ಕಚೇರಿಗೂ ಕಲಾಜಗತ್ತಿಗೂ ನನ್ನ ಬಗ್ಗೆ ಇಷ್ಟರ ಮಟ್ಟಿಗೆ ಒಮ್ಮತವಿತ್ತು.

ಕೊನೆಗೆ ಒಂದು ನೃತ್ಯನಾಟಕ ತಂಡ ನನ್ನನ್ನು ಸೇರಿಸಿಕೊಂಡಿತು. ಮುಚ್ಚಿಹೋದ ಅಚ್ಚುಕೂಟವೊಂದರ ಮಹಡಿಯಲ್ಲಿ ತಾಲೀಮು. ಉಜ್ಜಿದಷ್ಟೂ ನೆಲದಿಂದ ಶಾಯಿ ಕಾಲಿಗೆ ಹತ್ತುತ್ತಿತ್ತು. ಅಲ್ಲಿನವರು ನನಗೆ ‘ಕವಾಯತು’ ಎಂದು ಹೆಸರಿಟ್ಟರು. ಮೊದಲ ಆರು ತಿಂಗಳು ತಂಡಕ್ಕೆ ನೃತ್ಯ ಹೇಳಿಕೊಡುವ ಟೀಚರ್ ನನಗೆ ಏನನ್ನೂ ಕಲಿಸಲಿಲ್ಲ, ಕಲಿತದ್ದನ್ನು ಬಿಡಿಸಿದರು. “ಏನ್ರೀ, ಬೆನ್ನಿಗೆ ಗಂಜಿ ಹಾಕ್ಕೊಂಡ್ ಬಂದಿದೀರಾ? ಬಗ್ಗಿ ಸ್ವಲ್ಪ! ಇಲ್ಲಿ ಯಾರೂ ನಿಮ್ಮನ್ನ ತಪಾಸಣೆ ಮಾಡಲ್ಲ” ಎನ್ನುತ್ತಿದ್ದರು.

ನನ್ನ ಜೊತೆಗಾತಿ ಹಗಲಲ್ಲಿ ಬಟ್ಟೆ ಹೊಲಿಯುವವರು. ತಂಡದವರಿಗೆಲ್ಲ ಟೈಲರಕ್ಕ. ನಾಟಕದಲ್ಲಿ ನಾವಿಬ್ಬರೂ ಮುದಿ ದಂಪತಿ. ಒಂದು ಕಡೆ ಅವರು ಕಣ್ಣು ಮುಚ್ಚಿ ಹಿಂದಕ್ಕೆ ಒರಗಬೇಕು. ಮೈಭಾರವೆಲ್ಲ ನನ್ನ ಎರಡು ಅಂಗೈಗಳ ಮೇಲೆ. ಮೂರು ತಿಂಗಳು ಅವರು ಅರ್ಧಕ್ಕೇ ತಡೆದು ನಿಲ್ಲುತ್ತಿದ್ದರು. ಒಂದು ದಿನ ಪೂರ್ತಿ ಒರಗಿದರು. ಮೇಲೆದ್ದು, “ಪರವಾಗಿಲ್ಲ ಕವಾಯತು, ನಿಮ್ಮನ್ನ ನಂಬ್ಕೊಂಡು ಬೀಳಬಹುದು” ಎಂದು ನಕ್ಕರು. ಎದೆಗೆ ಪದಕ ಚುಚ್ಚಿಸಿಕೊಂಡ ದಿನವೂ ನನಗೆ ಅಷ್ಟು ಸಂತೋಷವಾಗಿರಲಿಲ್ಲ.

ಇನ್ನು ಆ ಫೋಟೋ ತೆಗೆದ ಸಂಜೆಯ ವಿಷಯ. ಆಟ ಆರೂವರೆಗೆ. ಮುಖ್ಯ ಅತಿಥಿಗಳಾದ ತಾವು ಬಂದದ್ದು ಏಳೂಕಾಲಿಗೆ. ಕತ್ತಲಲ್ಲಿ ಬಂದು ಸದ್ದಿಲ್ಲದೆ ಕೂತುಕೊಳ್ಳುವ ಪದ್ಧತಿ ತಮ್ಮ ಹುದ್ದೆಗೆ ಅನ್ವಯಿಸುವುದಿಲ್ಲವೇನೋ. ಸಭಾಂಗಣದ ದೀಪ ಹಾಕಿಸಲಾಯಿತು. ಬಾಗಿಲಲ್ಲಿ ತಮ್ಮ ಸಹಾಯಕರು ಕವಾಯತು ಮೈದಾನದ ದನಿಯಲ್ಲಿ “ನಿರ್ದೇಶಕ ಸಾಹೇಬರು!” ಎಂದು ಕೂಗಿದರು. ಆ ಹೊತ್ತಿಗೆ ಟೈಲರಕ್ಕ ಕಣ್ಣು ಮುಚ್ಚಿ ನನ್ನ ಅಂಗೈಗಳ ಮೇಲಿದ್ದರು.

ನನ್ನ ಹಿಮ್ಮಡಿಗಳು ಕೂಡಿಕೊಂಡವು. ಕೈಗಳು ತೊಡೆಯ ಪಕ್ಕಕ್ಕೆ ಹೋಗಿ ಅಂಟಿದವು. ಗಲ್ಲ ಮೇಲೆದ್ದಿತು.

ಅವರು ಬಿದ್ದ ಸದ್ದು ಕೇಳಿಸಿತು. ಮಣಿಕಟ್ಟು ಮುರಿದ ಸದ್ದೂ ಕೇಳಿಸಿತು. ಸರಿ, ಹಳೆಯ ಅಭ್ಯಾಸ, ಮೈ ಮೋಸ ಮಾಡಿತು ಎಂದು ಅಲ್ಲಿಯವರೆಗೆ ಹೇಳಿಕೊಳ್ಳಬಹುದಿತ್ತು. ಆದರೆ ಆಮೇಲೆ ನಾನು ಬಗ್ಗಲಿಲ್ಲ. ತಾವು ಮೊದಲ ಸಾಲಿಗೆ ಬಂದು, ಯಾರಿಗೋ ಕೈಮುಗಿದು, ಕುರ್ಚಿ ಸರಿಮಾಡಿಕೊಂಡು, ಕೂತು, ಕೈ ಬೀಸಿ “ಮುಂದುವರಿಸಿ” ಅನ್ನುವವರೆಗೂ ನಿಂತೇ ಇದ್ದೆ. ಕಾಲ ಬುಡದಲ್ಲಿ ಒಬ್ಬ ಹೆಂಗಸು ನರಳುತ್ತಿದ್ದಾಗ ಬಗ್ಗುವುದಕ್ಕೂ ನನಗೆ ಅಪ್ಪಣೆ ಬೇಕಾಯಿತು. ತಾವು ಎದ್ದು ಚಪ್ಪಾಳೆ ತಟ್ಟಿದಿರಿ. ತಾವು ತಟ್ಟಿದಿರೆಂದು ಮುಂದಿನ ಎರಡು ಸಾಲಿನವರೂ ತಟ್ಟಿದರು.

ಇದಕ್ಕಿಂತ ಹೇಸಿಗೆಯ ಒಂದು ಮಾತಿದೆ. ತಮಗೆ ಬರೆದ ಮೊದಲಿನ ಎರಡು ಪತ್ರಗಳಲ್ಲಿ ಅದನ್ನು ಬರೆಯಲು ಕೈ ಬರಲಿಲ್ಲ. ತಾವು ಚಪ್ಪಾಳೆ ತಟ್ಟಿದಾಗ ನನ್ನ ಎದೆ ಉಬ್ಬಿತು. ಒಂದು ಗಳಿಗೆ ನಾನು ಹೆಮ್ಮೆಪಟ್ಟೆ, ಸ್ವಾಮಿ. ನಾಚಿಕೆಯಿಂದ ಈಗ ಕನ್ನಡಿ ನೋಡಲಾಗದಿರುವುದು ಆ ಗಳಿಗೆಗಾಗಿ.

ಒಂಬತ್ತು ದಿನ ಅವರ ಮನೆ ಕಡೆ ಹೋಗುವ ಧೈರ್ಯ ಬರಲಿಲ್ಲ. ಹತ್ತನೆಯ ದಿನ ಹೋದೆ. ಹೊಲಿಗೆ ಯಂತ್ರದ ಮೇಲೆ ಬಟ್ಟೆ ಮುಚ್ಚಿತ್ತು. ಬಲಗೈಗೆ ಬೆರಳಿನವರೆಗೂ ಪಟ್ಟಿ; ಎಡಗೈಯಲ್ಲಿ ಕತ್ತರಿ ಹಿಡಿಯಲು ಅಭ್ಯಾಸ ಮಾಡುತ್ತಿದ್ದರು. ಬೈಯುತ್ತಾರೆ ಎಂದುಕೊಂಡು ಹೋಗಿದ್ದೆ, ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ.

“ಕೂತ್ಕೊಳ್ಳಿ” ಅಂದರು. ಆಮೇಲೆ ಕತ್ತರಿ ಕೆಳಗಿಟ್ಟು, “ಕೈ ಬಿಟ್ರಲ್ಲ, ಅದಕ್ಕೆ ಬೇಜಾರಿಲ್ಲ. ಯಾರಿಗಾದ್ರೂ ಆಗತ್ತೆ. ಬಿದ್ದ ಮೇಲೆ ನಾನು ನಿಮ್ಮ ಮುಖಾನೇ ನೋಡ್ತಿದ್ದೆ. ನೀವು ಒಂದ್ಸಲನೂ ಕೆಳಗೆ ನೋಡ್ಲಿಲ್ಲ” ಅಂದರು.

ಮತ್ತೆ ನನ್ನ ಜೊತೆ ಕುಣಿಯುತ್ತೀರಾ ಎಂದು ಕೇಳಲು ಹೋದವನು ಕೇಳದೆ ಎದ್ದು ಬಂದೆ.

ಮರುವಾರ ತಮ್ಮ ಪತ್ರಿಕೆ ಮನೆಗೆ ಬಂತು. ಮುಖಪುಟದಲ್ಲಿ ನಾನೊಬ್ಬನೇ, ನೆಟ್ಟಗೆ, ಗಲ್ಲ ಮೇಲೆತ್ತಿ. ತಮ್ಮ ಛಾಯಾಗ್ರಾಹಕರ ಬಳಿ ಹೋಗಿ ಪೂರ್ತಿ ಚಿತ್ರ ತೆಗೆಸಿ ನೋಡಿದೆ. ಅದರಲ್ಲಿ ಟೈಲರಕ್ಕ ನೆಲದ ಮೇಲೆ ಬಿದ್ದು ನನ್ನ ಕಡೆ ಮುಖ ಎತ್ತಿದ್ದಾರೆ. “ಚೌಕಟ್ಟು ಚೊಕ್ಕವಾಗ್ಲಿ ಅಂತ ಮೇಲಿನವರೇ ಅವರನ್ನ ಕಟ್ ಮಾಡ್ಸಿದ್ದು ಸಾರ್” ಅಂದರು ಅವರು. ಒಂದು ದೇಹವನ್ನು ಕತ್ತರಿಸಿ ಹಾಕಿದರೆ ಮಾತ್ರ ಚೊಕ್ಕವಾಗುವ ಶಿಸ್ತು ಯಾವುದು, ಮಾನ್ಯರೇ? ಬಿದ್ದವರನ್ನು ಬಿಟ್ಟು ಹೋಗಬಾರದೆಂದು ಹದಿನೇಳು ವರ್ಷ ನನಗೆ ಕಲಿಸಿದ್ದು ಇದೇ ಸೇನೆಯಲ್ಲವೇ? ಹಾಗಿದ್ದ ಮೇಲೆ ಆ ಸಂಜೆ ನಾನು ತೋರಿಸಿದ್ದು ಅದರ ಯಾವ ಪಾಠ?

ನನ್ನಮ್ಮ ಆ ಮುಖಪುಟಕ್ಕೆ ಕಟ್ಟು ಹಾಕಿಸಿದ್ದಾರೆ. ನಾನು ಗೆಜ್ಜೆ ಕಟ್ಟಿದ ದಿನದಿಂದ ಎರಡು ವರ್ಷ ನನ್ನೊಂದಿಗೆ ಮಾತು ಬಿಟ್ಟಿದ್ದವರು, ಈಗ ಬಂದವರಿಗೆಲ್ಲ ಅದನ್ನು ತೋರಿಸುತ್ತಾರೆ. ಕತ್ತರಿಸಿದವರ ಕಣ್ಣು ತಪ್ಪಿ ನನ್ನ ಪಾದದ ಪಕ್ಕ ನಾಲ್ಕು ಬೆರಳು ಉಳಿದುಬಿಟ್ಟಿವೆ. ಅಮ್ಮನಿಗೆ ದೃಷ್ಟಿ ಮಂದ. ಮೊನ್ನೆ ಅದರ ಮೇಲೆ ಬೆರಳಿಟ್ಟು, “ಕಾಲ ಹತ್ರ ಇದೇನೋ ಮಗಾ, ಹೂವಾ?” ಎಂದು ಕೇಳಿದರು.

“ಹೂನಮ್ಮ, ಹೂವು” ಅಂದೆ.

ತಮ್ಮ ಕಚೇರಿ ಮಾಡಿದ ಕತ್ತರಿ ಕೆಲಸವನ್ನು ನನ್ನ ಬಾಯಾರೆ ಮುಗಿಸಿಕೊಟ್ಟಂತಾಯಿತು. ಹಾಗಾಗಿ ಈ ಪತ್ರದಲ್ಲಿ ತಮ್ಮ ಮೇಲೆ ಎಷ್ಟು ದೂರಿದೆಯೋ ಅಷ್ಟೇ ನನ್ನ ಮೇಲೂ ಇದೆ. ನನ್ನ ಪಾಲನ್ನು ನಾನು ಹೊತ್ತುಕೊಳ್ಳುತ್ತೇನೆ. ಇದು ಅಚ್ಚಾದ ದಿನ ಅಮ್ಮನ ಪಕ್ಕ ಕೂತು ನಾನೇ ಓದಿ ಹೇಳುತ್ತೇನೆ. ಅವರು ಮತ್ತೆ ಮಾತು ಬಿಟ್ಟರೆ ಬಿಡಲಿ.

ತಮ್ಮ ಪಾಲಿನದು ಇಷ್ಟು. ಮುಂದಿನ ಸಂಚಿಕೆಯ ಮುಖಪುಟದಲ್ಲಿ, ಅದೇ ಅಳತೆಯಲ್ಲಿ, ಪೂರ್ತಿ ಚಿತ್ರ ಹಾಕಿಸಿ. ಕೆಳಗೆ ಯಾವ ಘೋಷಣೆಯೂ ಬೇಡ. ‘ಈಕೆ ಬಿದ್ದಾಗ ಇವನು ಎತ್ತಲಿಲ್ಲ, ನಾವು ಚಪ್ಪಾಳೆ ತಟ್ಟಿದೆವು’ ಎಂದು ಬರೆಸಿ. ಅಚ್ಚಾದ ಮೊದಲ ಪ್ರತಿಯನ್ನು ತಾವೇ ಟೈಲರಕ್ಕನ ಮನೆಗೆ ಒಯ್ದು ಕೊಡಿ. ಬಾಗಿಲು ಗಿಡ್ಡ, ತಲೆ ತಗ್ಗಿಸಿಯೇ ಒಳಗೆ ಹೋಗಬೇಕಾಗುತ್ತದೆ.

ಇಂತಿ,
ಮಾಜಿ ಸೈನಿಕ,
ಜೊತೆಗಾತಿ ಒಪ್ಪಿದರೆ ಹಾಲಿ ನರ್ತಕ