ಹೊಗೆ ಮೀನಿಗೆ ಕಡೆದ ಬೆಣ್ಣೆ

ಬಣಕಲ್
20 ನವೆಂಬರ್ 2024, ಬುಧವಾರ

ಪ್ರೀತಿಯ ಅಮ್ಮನಿಗೆ,

ನಿನ್ನ ದೊಡ್ಡ ಮಗಳು ರಜನಿ ಮಾಡುವ ನಮಸ್ಕಾರಗಳು. ನಾವು ಮೂವರೂ ಇಲ್ಲಿ ಚೆನ್ನಾಗಿದ್ದೇವೆ. ನಿನ್ನ ಮಂಡಿನೋವು ಹೇಗಿದೆ? ಅಪ್ಪ ಈಗ ಮಧ್ಯಾಹ್ನ ಅಂಗಡಿಯ ಬಾಗಿಲು ಹಾಕಿ ಒಂದು ಗಳಿಗೆ ಮಲಗುತ್ತಾರಂತೆ, ಸೌಮ್ಯ ಹೇಳಿದಳು. ಕೇಳಿ ಸಮಾಧಾನವಾಯಿತು.

ಫೋನ್ ಇರುವಾಗ ಕಾಗದ ಯಾಕೆ ಅಂದುಕೊಳ್ಳುತ್ತೀಯ. ನನ್ನ ಮದುವೆಯಾದಂದಿನಿಂದ ನಾನು ಫೋನ್ ಮಾಡಿದಾಗಲೆಲ್ಲ ನೀನು ಅದನ್ನು ಸೌಮ್ಯಳ ಕೈಗೆ ಕೊಟ್ಟು ಪಕ್ಕದಲ್ಲೇ ಕೂತು ಕೇಳಿಸಿಕೊಳ್ಳುತ್ತೀಯ. ನಿನ್ನ ಬಳೆಯ ಸದ್ದು ನನಗೆ ಕೇಳುತ್ತದೆ. ಕಾಗದವನ್ನು ಹಾಗೆ ತಂಗಿಗೆ ದಾಟಿಸಬೇಡ. ಕನ್ನಡಕ ಹಾಕಿಕೊಂಡು ನೀನೇ ಓದು.

ಹೋದ ಸೋಮವಾರದ ಹಿಂದಿನ ಸೋಮವಾರ ಸೌಮ್ಯಳ ಬಾಯಲ್ಲಿ ನೀನು ಹೇಳಿ ಕಳಿಸಿದ್ದು ನನಗೆ ತಲುಪಿತು. ಕಾರ್ತಿಕದ ಕೊನೆಯ ಸೋಮವಾರ ಮೊದಲ ಸಲ ನನ್ನ ಮನೆಗೆ ಬರುತ್ತೀಯ ಅಂತ. ಅದಕ್ಕೆ ಒಂದು ವಾರ ಮೊದಲೇ ಮನೆಯಿಂದ ಮೀನು ಮಾಂಸ ಹೊರಗೆ ಹೋಗಿರಬೇಕು ಅಂತ. ಆ ದಿನ "ಆಕೆ" ಮನೆಯಲ್ಲಿ ಇರಬಾರದು ಅಂತ. ಮಾತು ಮುಗಿದ ಮೇಲೆ ನಾನು ಫೋನ್ ಇಟ್ಟು ತುಂಬಾ ಹೊತ್ತು ಅತ್ತೆ. ನೀನು ಬರುತ್ತೀಯ ಅನ್ನುವ ಸಂತೋಷಕ್ಕೇ ಹೆಚ್ಚು ಅತ್ತೆ ಅನ್ನಿಸುತ್ತದೆ. ಉಳಿದ ಮಾತುಗಳ ಭಾರ ಆಮೇಲೆ ತಿಳಿಯಿತು.

ನೀನು ಆಕೆ ಎಂದದ್ದು ನನ್ನ ಅತ್ತೆ ದೇವೀರಮ್ಮನವರಿಗೆ. ನಾನು ಅವರಿಗೆ ಅರ್ಧ ಮಾತ್ರ ಹೇಳಿದೆ, ಅಮ್ಮ ಬರುತ್ತಾರೆ ಎಂದು. ಉಳಿದರ್ಧವನ್ನು ಅವರು ನನ್ನ ಮುಖ ನೋಡಿಯೇ ತಿಳಿದುಕೊಂಡರು. ಮಂಗಳವಾರ ಬೆಳಿಗ್ಗೆ ಎದ್ದು ನೋಡಿದರೆ ಸೌದೆ ಕೊಟ್ಟಿಗೆಯಲ್ಲಿ ತಮ್ಮ ಮಣ್ಣಿನ ಗಡಿಗೆಗಳನ್ನು ಗೋಣಿಚೀಲಕ್ಕೆ ತುಂಬುತ್ತಿದ್ದಾರೆ. ಮೀನು ಹೊಗೆಗೆ ಇಡುವ ಬಿದಿರಿನ ತಟ್ಟಿಯನ್ನೂ ಹಗ್ಗ ಹಾಕಿ ಕಟ್ಟಿದ್ದಾರೆ. ಎಲ್ಲಿಗೆ ಎಂದು ಕೇಳಿದೆ.

"ಜಾವಳಿಗೆ, ತಂಗಿ ಮನಿಗೆ. ನಿಮ್ಮಮ್ಮ ಎಷ್ಟ್ ವರ್ಷಕ್ಕೆ ಬತ್ತಾ ಅವ್ರೆ. ನೀವು ಸುಮ್ನಿರಿ ಅಮ್ಮಾ, ನಾ ಹದಿನೈದ್ ದಿನ ಇದ್ದು ಬತ್ತೀನಿ. ಕೊಟ್ಟಿಗೆನೂ ಸಗಣಿ ಹಾಕಿ ಸಾರಿಸಿದೀನಿ, ವಾಸ್ನೆ ಇಲ್ಲ ನೋಡಿ" ಎಂದರು.

ಅವರ ಮಾತಿನಲ್ಲಿ ಬೇಸರವೇ ಇರಲಿಲ್ಲ ಅಮ್ಮ. ತಾನು ಇಲ್ಲದಿದ್ದರೆ ಎಲ್ಲರಿಗೂ ಅನುಕೂಲ ಎನ್ನುವುದು ಅವರಿಗೆ ಎಂದೋ ಗೊತ್ತಿರುವ ಸಂಗತಿ ಎಂಬಂತಿತ್ತು. ಅದನ್ನು ಅವರಿಗೆ ಕಲಿಸಿದವಳು ನೀನಲ್ಲ. ನಾನು.

ಇದನ್ನು ನಿನಗೆ ಯಾವತ್ತೂ ಹೇಳಿಲ್ಲ. ಮದುವೆಯಾಗಿ ಬಂದ ಎರಡನೇ ದಿನ ಅತ್ತೆ ಒಳಗಿನ ಒಲೆಯಲ್ಲಿ ಮೀನು ಸಾರು ಮಾಡಿದರು. ನಾನು ವಾಸನೆಗೆ ವಾಂತಿ ಮಾಡಿಕೊಂಡು ಬಾಗಿಲು ಹಾಕಿಕೊಂಡೆ. ನಿನ್ನ ಅಳಿಯ ಜಯಪ್ರಕಾಶ್ ಬಾಗಿಲ ಹೊರಗೆ ನೀರಿನ ಚೊಂಬು ಇಟ್ಟು ತೋಟಕ್ಕೆ ಹೋದರು. ಸಂಜೆಯ ಹೊತ್ತಿಗೆ ಅತ್ತೆ ತಾವಾಗಿಯೇ ತಮ್ಮ ಪಾತ್ರೆಪಗಡಿಯನ್ನೆಲ್ಲ ಹಿಂದಿನ ಸೌದೆ ಕೊಟ್ಟಿಗೆಗೆ ಸಾಗಿಸಿ ಅಲ್ಲೇ ಮೂರು ಕಲ್ಲು ಹೂಡಿಕೊಂಡರು. ನಾಲ್ಕು ಮಳೆಗಾಲ ಆ ತಗಡಿನ ಕೆಳಗೆ, ಒಂದು ಕಡೆ ಎರಚಲು ಹೊಡೆಯುತ್ತಿದ್ದರೂ, ಅಲ್ಲೇ ಬೇಯಿಸಿ ಅಲ್ಲೇ ಉಂಡಿದ್ದಾರೆ. ನನಗೆ ಅದು ಸಹಜ ಅನ್ನಿಸಿಬಿಟ್ಟಿತ್ತು. ನೀನು ಹೇಳಿ ಕಳಿಸಿದ್ದರಲ್ಲಿ ಹೊಸದೇನೂ ಇರಲಿಲ್ಲ. ನಾನು ಮೊದಲೇ ಮಾಡಿದ್ದನ್ನೇ ನೀನು ಬಾಯಿಬಿಟ್ಟು ಕೇಳಿದೆ ಅಷ್ಟೇ.

ನಾನು ಆ ಗೋಣಿಚೀಲವನ್ನು ಅವರ ಕೈಯಿಂದ ಕಸಿದುಕೊಂಡೆ. ತಟ್ಟಿಯ ಹಗ್ಗ ಬಿಚ್ಚಿದೆ. ಶನಿವಾರದ ಅತಿಥಿಗಳಿಗೆ ಮೀನು ಮಾಡುವವಳು ನಾನು, ನೀವು ಪಕ್ಕದಲ್ಲಿ ನಿಂತು ಕಲಿಸಬೇಕು ಎಂದೆ. ಅವರು ನಗಲಿಲ್ಲ. ನನ್ನ ಹಣೆ ಮುಟ್ಟಿ ಜ್ವರ ಇದೆಯೇ ಎಂದು ನೋಡಿದರು.

ಅತಿಥಿಗಳ ವಿಷಯ ನಿನಗೆ ಗೊತ್ತಿರಲಾರದು. ಜಯಪ್ರಕಾಶ್ ಚಂದ್ರಶೇಖರಪ್ಪನವರ ಎಸ್ಟೇಟಿನಲ್ಲಿ ಲೆಕ್ಕ ಬರೆಯುವ ರೈಟರ್ ಆಗಿರುವುದು ಗೊತ್ತಲ್ಲ. ಮಾಲೀಕರ ಒಪ್ಪಿಗೆ ಪಡೆದು, ನಾವಿರುವ ಹಳೆಯ ಕ್ವಾರ್ಟರ್ಸಿನ ಮುಂದಿನ ಮೂರು ಕೋಣೆಗಳನ್ನು ಹೋದ ಮೇ ತಿಂಗಳಲ್ಲಿ ಹೋಮ್‌ಸ್ಟೇ ಮಾಡಿದೆವು. ಶನಿವಾರ, ಭಾನುವಾರ ಬಿಟ್ಟರೆ ಯಾರೂ ಬರುತ್ತಿರಲಿಲ್ಲ. ಚಿಕ್ಕಮಗಳೂರಿನ ರಾಜೀವ್ ಎನ್ನುವವರು ಕಾಫಿ ತೋಟ ತೋರಿಸಲು ಪ್ರವಾಸಿಗರನ್ನು ಕರೆತರುತ್ತಾರೆ. ಈ ಸಲ ಎಂಟು ಜನರನ್ನು ತಂದು ನೋಡುತ್ತೇನೆ, ಹಿಡಿಸಿದರೆ ಪ್ರತಿ ತಿಂಗಳು ನಿಮ್ಮಲ್ಲಿಗೇ ಎಂದಿದ್ದರು. ಆದರೆ ಸಂಜೆ ಬ್ರೆಡ್ಡಿನ ಮೇಲೆ ಹಚ್ಚಿಕೊಂಡು ತಿನ್ನಲು ಹೊಗೆ ಹಾಕಿದ ಮೀನಿನ, ಬೆಣ್ಣೆಯ ಹಾಗೆ ನುಣ್ಣಗಿರುವ ಒಂದು ಪದಾರ್ಥ ಬೇಕು, ತಾವೆಲ್ಲೋ ತಿಂದದ್ದು ಬಹಳ ರುಚಿಯಾಗಿತ್ತು ಎಂದರು. ಜಯಪ್ರಕಾಶ್ ಅದೇನೆಂದೇ ತಿಳಿಯದೆ "ಆಗ್ಲಿ ಸಾರ್, ನಮ್ಮಮ್ಮ ಮಾಡ್ತಾರೆ" ಎಂದು ಒಪ್ಪಿಕೊಂಡು ಬಂದಿದ್ದರು.

ಬುಧವಾರ ಬೆಳಿಗ್ಗೆ ಚಾರ್ಮಾಡಿ ಘಾಟಿ ಹತ್ತಿ ಬರುವ ಮೀನಿನ ಗಾಡಿಯನ್ನು ನಾನೇ ರಸ್ತೆಯಲ್ಲಿ ನಿಲ್ಲಿಸಿದೆ. ಹನ್ನೆರಡು ಬಂಗುಡೆ ಮೀನು ಕೊಂಡೆ. ನಮ್ಮೂರು ಆಲ್ದೂರಿನವರು ಯಾರಾದರೂ ಬಸ್ಸಿನಿಂದ ನೋಡಿದರೇನೋ ಎಂದು ಒಂದು ಕ್ಷಣ ತಲೆ ತಗ್ಗಿಸಿದ್ದು ನಿಜ. ಮರುಕ್ಷಣವೇ ಎತ್ತಿದೆ.

ಮೊದಲ ಮೀನಿನ ಕಿವಿರು ಕೀಳುವಾಗ ಅಂಗಳಕ್ಕೆ ಓಡಿದೆ. ಬಾಯಿ ತೊಳೆದು ಬಂದು ಎರಡನೆಯದನ್ನು ಹಿಡಿದೆ. ಐದನೆಯದನ್ನು ಅತ್ತೆಯ ಸಹಾಯವಿಲ್ಲದೆ ನಾನೇ ಹಸನು ಮಾಡಿದೆ. ಉಪ್ಪು ನೀರಿನಲ್ಲಿ ನೆನೆಹಾಕಿ, ಒರೆಸಿ, ಗಾಳಿಗೆ ಆರಿಸಿ, ಬೆಂಕಿಯ ಮೇಲೆ ತಟ್ಟಿಯಲ್ಲಿ ಇಟ್ಟೆ. ಬೇಗ ಹೊಗೆ ಬರಲಿ ಎಂದು ಅತ್ತೆ ಬೇಡವೆಂದರೂ ಹಸಿ ಸೌದೆ ತುರುಕಿದೆ. ಮೀನೆಲ್ಲ ಮಸಿ ಬಳಿದ ಹಾಗೆ ಕಪ್ಪಾಗಿ, ಅತ್ತೆ ಚೂರು ಬಾಯಿಗಿಟ್ಟು ಉಗುಳಿದರು. ಬರೀ ಕಹಿಯಂತೆ. ಅಷ್ಟೂ ಗೊಬ್ಬರದ ಗುಂಡಿಗೆ ಹೋಯಿತು. ಜಯಪ್ರಕಾಶ್ ಬಂದು, ರಾಜೀವ್ ಅವರಿಗೆ ಆಗುವುದಿಲ್ಲ ಎಂದು ಹೇಳಿಬಿಡುತ್ತೇನೆ ಎಂದರು. ನಾನು ಬೇಡವೆಂದೆ. ನಾಳೆಯೂ ಗಾಡಿ ಬರುತ್ತದೆ ಎಂದೆ.

ಗುರುವಾರ ಅತ್ತೆ ಹೇಳಿದ ಹಾಗೆಯೇ ಕೇಳಿದೆ. ಒಣಗಿದ ಕಾಫಿ ಕಟ್ಟಿಗೆಯನ್ನು ಕೆಂಡ ಮಾಡಿ, ಅದರ ಮೇಲೆ ಒದ್ದೆ ಮಾಡಿದ ಕಾಫಿ ಹೊಟ್ಟನ್ನು ಹಿಡಿ ಹಿಡಿಯಾಗಿ ಉದುರಿಸುವುದು. ತಟ್ಟಿಯ ಜಾಗದಲ್ಲಿ ಅಂಗೈ ಹಿಡಿದರೆ ಸುಡಬಾರದು, ಬೆಚ್ಚಗಿರಬೇಕು. ಉರಿ ಎದ್ದರೆ ನೀರು ಚಿಮುಕಿಸಬೇಕು. ನಾಲ್ಕು ಗಂಟೆ ಅಲ್ಲೇ ಕೂತೆವು. ನಾಲ್ಕು ವರ್ಷದಲ್ಲಿ ಅಷ್ಟು ಹೊತ್ತು ನಾವಿಬ್ಬರೂ ಒಂದು ಒಲೆಯ ಮುಂದೆ ಕೂತದ್ದು ಅದೇ ಮೊದಲು. ಮೂವತ್ತು ವರ್ಷ ಇದೇ ಎಸ್ಟೇಟಿನಲ್ಲಿ ಹಣ್ಣು ಕೊಯ್ದದ್ದನ್ನೂ, ಗಂಡ ತೀರಿಕೊಂಡ ವರ್ಷ ಹಳ್ಳದ ಮೀನು ಹಿಡಿದು ಹೊಗೆಗೆ ಇಟ್ಟು ಮಳೆಗಾಲವೆಲ್ಲ ಮಗನಿಗೆ ಉಣಿಸಿದ್ದನ್ನೂ ಹೇಳಿದರು. ನಾನು ಈ ಮೊದಲು ಕೇಳಿಯೇ ಇರಲಿಲ್ಲ.

ಮೀನು ಜೇನಿನ ಬಣ್ಣಕ್ಕೆ ಬಂತು. ಆರಿದ ಮೇಲೆ ಚರ್ಮ ಸುಲಿದು, ನಡುಮುಳ್ಳು ಎತ್ತಿ, ಸಣ್ಣ ಮುಳ್ಳುಗಳಿಗಾಗಿ ಬೆರಳ ತುದಿಯಲ್ಲಿ ಮೂರು ಸಲ ಹುಡುಕಿದೆವು. ಅಷ್ಟಾದ ಮೇಲೆ ನಾನು ಸ್ವಲ್ಪವನ್ನು ಪ್ಯಾಕೆಟ್ ಮೊಸರಿನ ಜೊತೆ ಮಿಕ್ಸಿಗೆ ಹಾಕಿ ತಿರುಗಿಸಿದೆ. ಸಿಮೆಂಟಿನ ಗಾರೆಯ ಹಾಗಾಗಿ ನೀರು ಬಿಟ್ಟುಕೊಂಡಿತು. ಅತ್ತೆಗೂ ಏನು ಮಾಡುವುದೆಂದು ಹೊಳೆಯಲಿಲ್ಲ. ಅವರಿಗೆ ಹೊಗೆ ಗೊತ್ತು, ಕೆನೆ ಗೊತ್ತಿಲ್ಲ.

ಕೆನೆ ನನಗೆ ಗೊತ್ತಿತ್ತು. ನೀನು ಕಲಿಸಿದ್ದೀಯ. ಗಟ್ಟಿ ಮೊಸರನ್ನು ತೆಳು ಪಂಚೆಯಲ್ಲಿ ಕಟ್ಟಿ ರಾತ್ರಿಯೆಲ್ಲ ಗೂಟಕ್ಕೆ ತೂಗುಹಾಕಿದೆ. ಶುಕ್ರವಾರ ಐದು ದಿನದ ಕೆನೆ ಕಡೆದು ಬೆಣ್ಣೆ ತೆಗೆದೆ. ನೀರು ತಿಳಿಯಾಗಿ ಬರುವವರೆಗೆ ತೊಳೆಯಬೇಕು, ಮಜ್ಜಿಗೆಯ ಹುಳಿ ಉಳಿದರೆ ಬೆಣ್ಣೆಯಲ್ಲ ಅನ್ನುತ್ತಿದ್ದೆಯಲ್ಲ, ಹಾಗೆಯೇ ತೊಳೆದೆ. ಶನಿವಾರ ಮಧ್ಯಾಹ್ನ ಮೀನನ್ನು ಕೈಯಲ್ಲೇ ಎಳೆ ಎಳೆಯಾಗಿ ಬಿಡಿಸಿ, ಬೆಣ್ಣೆ ಹಾಕಿ ಮಿದ್ದು, ಕಟ್ಟಿದ ಮೊಸರು ಸೇರಿಸಿ, ನಿಂಬೆರಸ, ಕುಟ್ಟಿದ ಕಾಳುಮೆಣಸು, ಒಂದೇ ಒಂದು ಸೂಜಿ ಮೆಣಸಿನಕಾಯಿ ಹಾಕಿದೆ. ಮರದ ಚಮಚ ಎತ್ತಿದರೆ ಬೀಳದೆ ನಿಂತಿತು.

ಉಪ್ಪು ನೋಡಬೇಕಿತ್ತು. ಅತ್ತೆ ನೋಡುತ್ತೇನೆಂದು ಬೆರಳು ಮುಂದೆ ಮಾಡಿದರು. ನಾನೇ ನೋಡಿದೆ. ಇದನ್ನು ನಿನಗೆ ಬರೆಯದೆ ಇರಬಹುದಿತ್ತು. ಮೊದಲು ಬೆಣ್ಣೆ ತಿಳಿಯಿತು, ಆಮೇಲೆ ಹೊಗೆ, ಕೊನೆಗೆ ಮೀನು. ಉಪ್ಪು ಸ್ವಲ್ಪ ಕಡಿಮೆಯಿತ್ತು. ಹಾಕಿದೆ.

ಸಂಜೆ ಜಗುಲಿಯಲ್ಲಿ ಸುಟ್ಟ ಬ್ರೆಡ್ಡಿನ ಜೊತೆ, ಗರಿಗರಿಯಾದ ಅಕ್ಕಿ ರೊಟ್ಟಿಯ ಚೂರುಗಳ ಜೊತೆ ಕೊಟ್ಟೆವು. ಒಬ್ಬರು ಖಾರವಾಯಿತೆಂದು ಪಕ್ಕಕ್ಕಿಟ್ಟರು. ಉಳಿದವರು ಬಟ್ಟಲು ಕೆರೆದರು. ಯಾರು ಮಾಡಿದ್ದು ಎಂದು ರಾಜೀವ್ ಕೇಳಿದಾಗ ಅತ್ತೆ ಅಭ್ಯಾಸದಂತೆ ಹಿಂಬಾಗಿಲಿಗೆ ಸರಿದರು. ನಾನು ಅವರ ಕೈ ಹಿಡಿದು ಜಗುಲಿಗೆ ಕರೆತಂದು, ಹೊಗೆ ಇವರದ್ದು, ಬೆಣ್ಣೆ ಆಲ್ದೂರಿನ ನಮ್ಮಮ್ಮನದ್ದು, ಕಲಸಿದ್ದು ನಾನು ಎಂದೆ. "ಮುಂದಿನ್ ತಿಂಗ್ಳೂ ಇದೇ ಬೇಕು ದೇವೀರಮ್ಮನೋರೆ" ಎಂದು ರಾಜೀವ್ ಕೈಮುಗಿದರು. ಅತ್ತೆ ಸೆರಗಿನಲ್ಲಿ ಕೈ ಒರೆಸಿಕೊಳ್ಳುತ್ತಲೇ ಇದ್ದರು.

ಈಗ ನಿನ್ನ ವಿಷಯ. ನಿನ್ನೆ ಜಯಪ್ರಕಾಶ್ ಮತ್ತು ನಾನು ಅಡಿಗೆಮನೆಯ ಕಿಟಕಿಯ ಪಕ್ಕ ಅತ್ತೆಗೆ ಒಲೆ ಹಾಕಿಸಿದೆವು. ಅವರ ಗಡಿಗೆಗಳು ಒಳಗೆ ಬಂದಿವೆ, ಇನ್ನು ಹೊರಗೆ ಹೋಗುವುದಿಲ್ಲ. ಈಚೆ ಬದಿಯಲ್ಲಿ ನಿನಗಾಗಿ ಹೊಸ ಪಾತ್ರೆ, ಬೇರೆ ಒಲೆ ಇಟ್ಟಿದ್ದೇನೆ. ಮೀನು ತಾಗಿದ ಒಂದು ಸೌಟೂ ಆ ಕಡೆ ಬರುವುದಿಲ್ಲ. ಅದು ನಾನು ನಿನಗೆ ಸಲ್ಲಿಸಬೇಕಾದದ್ದು, ಸಂತೋಷದಿಂದ ಸಲ್ಲಿಸುತ್ತೇನೆ. ಸೋಮವಾರ ಮನೆಯಲ್ಲಿ ಮೀನು ಇರುವುದೂ ಇಲ್ಲ. ನಿನ್ನ ಮಾತಿಗಾಗಿ ಅಲ್ಲ. ಅತ್ತೆ ಮೊದಲಿನಿಂದಲೂ ಸೋಮವಾರ ಮೀನು ಮುಟ್ಟುವವರಲ್ಲ, ಶಿವನ ವಾರ ಎಂದು. ಒಂದೇ ಮನೆಯಲ್ಲಿದ್ದು ನನಗೇ ಅದು ಎರಡು ವರ್ಷ ಗೊತ್ತಿರಲಿಲ್ಲ.

ಆದರೆ ಅತ್ತೆ ಮನೆಯಲ್ಲೇ ಇರುತ್ತಾರೆ. ಬಾಗಿಲಲ್ಲಿ ನಿನಗೆ ಕಾಲಿಗೆ ನೀರು ಕೊಡುವವರು ಅವರೇ. ಅವರನ್ನು ಜಾವಳಿಗೆ ಕಳಿಸಿ ನಿನ್ನನ್ನು ಬರಮಾಡಿಕೊಳ್ಳುವ ಮಗಳು ನಾನಾಗಲಾರೆ. ಇದನ್ನು ಸಿಟ್ಟಿನಿಂದ ಬರೆಯುತ್ತಿಲ್ಲ. ಮೂರು ಸಲ ಹರಿದು ಬರೆದಿದ್ದೇನೆ, ಸಿಟ್ಟೆಲ್ಲ ಆ ಹರಿದ ಹಾಳೆಗಳಲ್ಲಿ ಹೋಯಿತು. ನೀನು ಬರದಿದ್ದರೆ ನನಗೆ ದುಃಖವಾಗುತ್ತದೆ, ಆದರೂ ಈ ಮಾತು ಬದಲಾಗುವುದಿಲ್ಲ. ಬಂದರೆ, ಹತ್ತು ಗಂಟೆಯಿಂದಲೇ ಬಸ್ ಸ್ಟ್ಯಾಂಡಿನಲ್ಲಿ ನಿಂತಿರುತ್ತೇನೆ.

ಅಪ್ಪನಿಗೆ ನಮಸ್ಕಾರ ಹೇಳು. ಸೌಮ್ಯಳಿಗೆ ಈ ಕಾಗದ ತೋರಿಸಬೇಕೆನ್ನಿಸಿದರೆ ತೋರಿಸು, ಆದರೆ ನೀನು ಓದಿದ ಮೇಲೆ.

ನಿನ್ನ ಹಠವನ್ನೇ ಹೊತ್ತು ಹುಟ್ಟಿದ ಮಗಳು,
ರಜನಿ

ಮತ್ತೆ ಒಂದು ಮಾತು: ಮದುವೆಯಾದಂದಿನಿಂದ ಅತ್ತೆ ನನ್ನನ್ನು "ಅಮ್ಮಾ, ನೀವು" ಎಂದೇ ಕರೆಯುತ್ತಿದ್ದರು, ಎಸ್ಟೇಟ್ ಮಾಲೀಕರ ಮನೆಯವರನ್ನು ಕರೆಯುವ ಹಾಗೆ. ನಾನು ಒಂದು ದಿನವೂ ಬೇಡ ಎನ್ನಲಿಲ್ಲ. ಶನಿವಾರ ನಾನು ಬ್ರೆಡ್ ಸುಡಲು ಕೆಂಡ ಕೆದಕಿದ ಕೈಯಲ್ಲೇ ಬಟ್ಟಲಿಗೆ ಕೈ ಹಾಕಲು ಹೋದಾಗ ಅವರ ಬಾಯಿಂದ "ಲೇ ರಜನಿ, ಮೊದ್ಲು ಕೈ ತೊಳ್ಕಳೇ" ಎಂದು ಬಂದುಬಿಟ್ಟಿತು. ಹೇಳಿ ತಾವೇ ಬೆಚ್ಚಿದರು. ಇನ್ನು ಮುಂದೆ ಹಾಗೆಯೇ ಕರೆಯಿರಿ ಎಂದು ಹೇಳಿದ್ದೇನೆ. ಸೋಮವಾರ ನಿನ್ನ ಕಿವಿಗೆ ಬಿದ್ದರೆ ತಪ್ಪು ತಿಳಿಯಬೇಡ. ಹಾಗೆ ಕೂಗಿಸಿಕೊಂಡು ನನಗೆ ನಾಲ್ಕು ವರ್ಷವಾಗಿತ್ತು, ಅಮ್ಮ.