ಐದು ಮೈಕ್ರಾನಿನ ಉಯ್ಯಾಲೆ

ಉದ್ಯಾನ ವಿಭಾಗದ ಮುಖ್ಯ ಎಂಜಿನಿಯರ್ ಅವರಿಗೆ,

ಮಾನ್ಯರೇ,

ಹೌದು, ಕಡಲದಂಡೆಯ ಉದ್ಯಾನದ ಉಯ್ಯಾಲೆಗಳನ್ನೆಲ್ಲ ತಂತಿ ಸುತ್ತಿ ಕಟ್ಟಿಹಾಕಿದವಳು ನಾನೇ. ‘ಸಾರ್ವಜನಿಕ ಆಸ್ತಿಯ ಬಳಕೆಗೆ ಅಡ್ಡಿ’ ಎಂದು ತಾವು ಕಾರಣ ಕೇಳಿ ನೋಟಿಸ್ ಕಳಿಸಿದ್ದೀರಿ. ಆ ಕಾರಣವನ್ನು ಊರೆಲ್ಲ ಓದಲಿ ಎಂದು ಪತ್ರಿಕೆಯಲ್ಲೇ ಬರೆಯುತ್ತಿದ್ದೇನೆ.

ಕಳೆದ ವಾರ ನನ್ನ ತಂಗಿಯ ಮಗಳು ಜೀಕುತ್ತಿದ್ದಾಗ ಸರಪಳಿ ಹಿಡಿದಿದ್ದ ಬೋಲ್ಟ್ ತುಂಡಾಗಿ, ಬಿದ್ದ ಮಗುವಿನ ಮುಂಗೈ ಮುರಿಯಿತು. ಆ ಬೋಲ್ಟನ್ನು ತಂದು ತಮ್ಮ ಮೇಜಿನ ಮೇಲಿಟ್ಟೆ. ಬೆರಳು ತಾಕಿದರೆ ತುಕ್ಕು ಉದುರುತ್ತಿತ್ತು. ತಾವು ಮಾತ್ರ ಮುಟ್ಟಲಿಲ್ಲ. “ನೋಡಿಮ್ಮಾ, ಎಲ್ಲಾ ಸ್ಪೆಸಿಫಿಕೇಶನ್ ಪ್ರಕಾರಾನೇ ಇದೆ” ಎಂದಿರಿ.

ಅಪ್ಪಟ ನಿಜ. ನನ್ನ ತಕರಾರೂ ಅದೇ.

ತಮ್ಮ ಸ್ಪೆಸಿಫಿಕೇಶನ್ ಹೇಳುವುದು ಇಷ್ಟೇ: ‘ಹೊಳೆಯುವ ಸತುವಿನ ಲೇಪನ, ಐದು ಮೈಕ್ರಾನ್.’ ಮೈಕ್ರಾನ್ ಎಂದರೆ ಮಿಲಿಮೀಟರಿನ ಸಾವಿರದಲ್ಲೊಂದು ಪಾಲು. ಉಕ್ಕಿನ ಮೇಲೆ ಕುಳಿತ ಸತು ಮೊದಲು ತಾನೇ ಸವೆಯುತ್ತದೆ. ಅದು ಇರುವ ತನಕ ಉಕ್ಕಿಗೆ ತುಕ್ಕಿನ ಕಾಟವಿಲ್ಲ. ಹಾಗಾಗಿ ವಸ್ತು ಎಲ್ಲಿ ಬಾಳಬೇಕು ಎಂದು ನೋಡಿ ಲೇಪನದ ದಪ್ಪ ಗೊತ್ತುಮಾಡುತ್ತಾರೆ. ತಮ್ಮ ಕೋಣೆಯ ಬೀರುವಿನ ತಿರುಪಿಗೆ ಐದು ಮೈಕ್ರಾನ್ ಧಾರಾಳವಾಯಿತು. ಹಗಲಿರುಳು ಉಪ್ಪುಗಾಳಿಗೆ ಮೈಯೊಡ್ಡುವ ಬೋಲ್ಟಿಗೆ ಇಪ್ಪತ್ತೈದಾದರೂ ಬೇಕು. ಬೀರುವಿನ ಟೆಂಡರಿನ ಸಾಲನ್ನು ಎತ್ತಿ ಉಯ್ಯಾಲೆಯ ಟೆಂಡರಿಗೆ ಅಂಟಿಸಿದ ಮಹಾನುಭಾವರು ಯಾರು? ತಮ್ಮ ಬೀರು ಎಂದಾದರೂ ಮಳೆಯಲ್ಲಿ ನೆನೆದದ್ದುಂಟೇ?

ನಾನೂ ನನ್ನ ಅತ್ತಿಗೆಯೂ ಸೇರಿ ಲೇಪನದ ಕಾರ್ಖಾನೆ ನಡೆಸುತ್ತೇವೆ. ಈ ಉಯ್ಯಾಲೆಗಳಿಗೆ ಮೊದಲು ಬೋಲ್ಟ್ ಬೇಕಾದಾಗ, ಮೂರು ವರ್ಷದ ಹಿಂದೆ, ಇಪ್ಪತ್ತೈದು ಮೈಕ್ರಾನಿನ ಮಾದರಿಗಳನ್ನು ಒಯ್ದಿದ್ದೆವು. ತಮ್ಮ ಪರಿಶೀಲಕರು ಕರವಸ್ತ್ರದಿಂದ ಒರೆಸಿ ನೋಡಿದರು. “ಏನ್ರೀ ಇದು, ಹಳದಿ ಹೊಡೀತಿದೆ? ಹೊಳಪೇ ಇಲ್ಲ!”

“ಸಾರ್, ಆ ಹಳದಿ ಸತುವನ್ನ ಕಾಯೋ ಇನ್ನೊಂದು ಪದರ. ಮಕ್ಕಳು ಉಯ್ಯಾಲೆ ಆಡ್ಬೇಕಾ, ಬೋಲ್ಟಲ್ಲಿ ಮುಖ ನೋಡ್ಕೋಬೇಕಾ?” ಎಂದು ಅತ್ತಿಗೆ ಕೇಳಿದರು. ಮಾದರಿ ತಿರಸ್ಕೃತವಾಯಿತು. ಥಳಥಳ ಹೊಳೆಯುವವು ಒಪ್ಪಿಗೆಯಾದವು. ಈಗ ಮಗುವಿನ ಕೈಗೆ ಹಾಕಿದ ಪಟ್ಟಿ ನೋಡಿದಾಗಲೆಲ್ಲ ನನ್ನ ಹೊಟ್ಟೆ ಉರಿಯುತ್ತದೆ.

ಟೆಂಡರ್ ಸಿಗದ ಹೊಟ್ಟೆಕಿಚ್ಚು ಎನ್ನುವಿರೇನು? ಹಾಗೆಂದೇ ಇಟ್ಟುಕೊಳ್ಳಿ. ಈ ಕೆಲಸ ನಮಗೆ ಬೇಡ, ಕರೆದು ಕೊಟ್ಟರೂ ಮಾಡುವುದಿಲ್ಲ. ಆದರೆ ನಿನ್ನೆ ಹೊರಬಿದ್ದ ಹೊಸ ಟೆಂಡರಿನಲ್ಲೂ ಅದೇ ಐದು, ಅದೇ ಹೊಳಪು! ಇನ್ನೆಷ್ಟು ಮಕ್ಕಳು ಬೀಳಬೇಕು?

ಹಾಗಾಗಿ ತಂತಿ ಬಿಚ್ಚುವುದಿಲ್ಲ. ತಮ್ಮವರು ಬಿಚ್ಚಿದರೆ ಮತ್ತೆ ಕಟ್ಟುತ್ತೇನೆ. ಮೊದಲು ಆ ಟೆಂಡರ್ ಹಿಂತೆಗೆದುಕೊಳ್ಳಿ. ಕಡಲಗಾಳಿಗೆ ತಕ್ಕ ದಪ್ಪ ಬರೆಸಿ, ಹೊಳಪನ್ನಲ್ಲ, ದಪ್ಪವನ್ನೇ ಅಳೆದು ಮಾಲು ಪಡೆಯಿರಿ.

ತಾವು ಬೇಡವೆಂದ ಆ ಹಳದಿ ಬೋಲ್ಟುಗಳಿಂದ ನಮ್ಮ ಅಂಗಳದಲ್ಲೊಂದು ಉಯ್ಯಾಲೆ ಕಟ್ಟಿದ್ದೆವು. ಅದೇ ಗಾಳಿ, ಅದೇ ಮಳೆ, ತುಕ್ಕು ಕಂಡಿಲ್ಲ. ಆದರೂ ಮಗು ಈಗ ಅದರ ಹತ್ತಿರವೂ ಸುಳಿಯುತ್ತಿಲ್ಲ. “ಆ ಸಾಹೇಬ್ರು ಮೊದ್ಲು ಕೂತ್ಕೊಳ್ಳಿ, ಆಮೇಲೆ ನಾನು” ಎನ್ನುತ್ತಾಳೆ.

ಯಾವಾಗ ಬರುತ್ತೀರಿ?

ಇಂತಿ,
ಇನ್ನೂ ಒಂದು ಸುರುಳಿ ತಂತಿ ಉಳಿಸಿಕೊಂಡಿರುವ
ಮಗುವಿನ ದೊಡ್ಡಮ್ಮ