ಅಮ್ಮನ ಫೈಲಿನ ಒಂದು ಸಾಲು

ಮಾರ್ಚ್ ೧೧, ಬುಧವಾರ

ಆ ಸಾಲನ್ನು ಇವತ್ತು ನನ್ನ ಕೈಯಾರೆ ಟೈಪ್ ಮಾಡಿದೆ. 'ರೋಗಿಯ ಮಾತು ರಿಲಯಬಲ್ ಅಲ್ಲ.' ಡಾಕ್ಟರು ರೆಕಾರ್ಡ್ ಮಾಡಿಟ್ಟದ್ದನ್ನು ಕೇಳಿಸಿಕೊಂಡು ಟೈಪ್ ಮಾಡುವುದೇ ಹನ್ನೊಂದು ವರ್ಷದಿಂದ ನನ್ನ ಕೆಲಸ. ಎಷ್ಟು ಜನರ ಫೈಲಿನಲ್ಲಿ ಇದೇ ಸಾಲು ಬರೆದಿದ್ದೇನೋ, ಒಮ್ಮೆಯೂ ಬೆರಳು ನಿಂತಿರಲಿಲ್ಲ. ಇವತ್ತಿನದು ಅಮ್ಮನ ಫೈಲು.

ಡಾಕ್ಟರದೇನೂ ತಪ್ಪಿಲ್ಲ. ನಾನು ಪಕ್ಕದಲ್ಲೇ ಕೂತಿದ್ದೆ. "ಅಡುಗೆ ಯಾರು ಮಾಡ್ತಾರಮ್ಮ?" ಅಂತ ಕೇಳಿದರು.

"ನಾನೇ. ಬೆಳಿಗ್ಗೇನೂ ಮಾಡಿಟ್ಟೇ ಬಂದೆ," ಅಂದಳು ಅಮ್ಮ, ಸಲೀಸಾಗಿ. ಆರು ತಿಂಗಳಿಂದ ಅವಳನ್ನು ಒಲೆಯ ಹತ್ತಿರ ನಾನು ಬಿಟ್ಟಿಲ್ಲ.

'ರಿಲಯಬಲ್ ಅಲ್ಲ' ಅನ್ನುವುದಕ್ಕೆ ಸುಳ್ಳುಗಾರ್ತಿ ಎಂಬ ಅರ್ಥವಿಲ್ಲ. ಕೆಟ್ಟವಳು ಎಂದೂ ಅಲ್ಲ. ಹೇಳುವವಳ ಮನಸ್ಸು ಶುದ್ಧವೇ ಇರಬಹುದು, ಅವಳ ಮಾತಿನ ಮೇಲೆ ಭಾರ ಹಾಕಬೇಡಿ, ಅಷ್ಟೇ. ಗೊತ್ತು. ಆದರೂ ಊರಿಗೆ ಹೋಗುವಾಗ ಬೀದಿಯವರೆಲ್ಲ ಮನೆಯ ಬೀಗದ ಕೈ ಕೊಟ್ಟು ಹೋಗುತ್ತಿದ್ದುದು ಇವಳ ಹತ್ತಿರ. ಅದನ್ನು ಬರೆಯಲು ಫೈಲಿನಲ್ಲಿ ಜಾಗವಿಲ್ಲ. ಬೇರೆ ಪದ ಹಾಕೋಣವೆಂದರೆ ಅದು ಡಾಕ್ಟರ ಮಾತು, ತಿದ್ದಲು ನಾನು ಯಾರು.

ಸಂಜೆ ಅಮ್ಮ ಕೇಳಿದಳು, "ಡಾಕ್ಟ್ರು ಏನ್ ಬರೆದ್ರೇ?"

"ಏನಿಲ್ಲಮ್ಮ. ಎಲ್ಲ ಸರಿಯಾಗಿದೆ ಅಂತ ಬರೆದಿದ್ದಾರೆ."

"ಹಾಗಾದ್ರೆ ಸರಿ ಬಿಡು. ನೀನ್ ಹೇಳಿದ್ಮೇಲೆ ಮುಗೀತು," ಅಂದು ಗೋಡೆಯ ಕಡೆ ತಿರುಗಿ ಮಲಗಿದಳು. ಕ್ಷಣದಲ್ಲಿ ನಿದ್ದೆ.

ನಾಳೆ ಮರೆತು ಮತ್ತೆ ಕೇಳುತ್ತಾಳೆ. ನಾನೂ ಮತ್ತೆ ಇದನ್ನೇ ಹೇಳುತ್ತೇನೆ.